ತಾಳಿ ಹೊತ್ತಿನಲ್ಲಿ ಪರಂಗಿ ಸಾಹೇಬ ಆಡಿದ ಮಾತು

ಮೊಮ್ಮಗಳು ಹುಟ್ಟಿದಳು! ಮೊನ್ನೆ ಸೋಮವಾರ ಬೆಳಿಗ್ಗೆ, ಹಾಲು ಕರೆಯುವ ಹೊತ್ತಿಗೆ, ಅಗರದ ನಮ್ಮ ಮನೆಯ ಒಳಕೋಣೆಯಲ್ಲಿ ನನ್ನ ಮಗಳು ಹೆಣ್ಣು ಕೂಸನ್ನು ಹೆತ್ತಳು. ಎಣ್ಣೆ ಹಚ್ಚಿದ ಹಾಗೆ ಮಿರುಗುವ ಕಪ್ಪು ಮೈ, ತಲೆ ತುಂಬ ಕೂದಲು. ಮುಷ್ಟಿ ಬಿಗಿಹಿಡಿದುಕೊಂಡು ಯಾರ ಜೊತೆಗೋ ಜಗಳಕ್ಕೆ ನಿಂತವಳ ಹಾಗೆ ಬಂದಳು. ಮೊದಲ ಅಳು ಬೀದಿಯ ಕೊನೆಯ ಮನೆಗೂ ಕೇಳಿಸಿತಂತೆ. ಕೇಳಿಸಲಿ. ಮದುವೆಯಾಗಿ ಹತ್ತನೆಯ ವರ್ಷಕ್ಕೆ ಬಂದ ಕೂಸು ಪಿಸುಮಾತಿನಲ್ಲಿ ಅಳುತ್ತದೆಯೇ?

ನಾನು ಓದಿದ್ದು ಮೂರನೇ ಕ್ಲಾಸು. ಅದೂ ನನ್ನ ತವರು ಕೊಳ್ಳೇಗಾಲ ಇನ್ನೂ ಮದರಾಸಿಗೆ ಸೇರಿದ್ದ ಕಾಲದಲ್ಲಿ, ಬೀದಿಯಲ್ಲಿ ಅರ್ಧ ಕನ್ನಡ ಅರ್ಧ ತಮಿಳು ಕಿವಿಗೆ ಬೀಳುತ್ತಿದ್ದಾಗ. ಬರೆಯುವುದು ನನ್ನ ಕೆಲಸವಲ್ಲ. ಆದರೆ ಈ ಸಂತೋಷ ಹೊಟ್ಟೆಯಲ್ಲಿ ನಿಲ್ಲುತ್ತಿಲ್ಲ, ಉಕ್ಕಿ ಒಲೆಗೆ ಬೀಳುತ್ತಿದೆ. ಇದನ್ನು ಹೇಳಬೇಕೆಂದರೆ ಮೊದಲು ಒಬ್ಬ ಮನುಷ್ಯನನ್ನು ಬೈಯಬೇಕು. ಬೈಯದೆ ಹೇಳಲು ಎರಡು ಸಲ ಕೂತೆ, ಆಗಲಿಲ್ಲ.

ಅವನು ಫ್ರಾನ್ಸ್ ಎಂಬ ದೇಶದವನು. ಸಿನಿಮಾ ತೆಗೆಯುವವನು. ಅವನ ದೇಶದಲ್ಲೂ ಅವನ ಹೆಸರು ಹೆಚ್ಚು ಜನಕ್ಕೆ ಗೊತ್ತಿರಲಿಲ್ಲವಂತೆ. ನಮ್ಮೂರಲ್ಲಿ ಮಾತ್ರ ಅವನನ್ನು ಅರಿಯದ ನಾಯಿಯೂ ಇಲ್ಲ. ನಾವು ಅವನನ್ನು ಪರಂಗಿ ಸಾಹೇಬ ಅನ್ನುತ್ತಿದ್ದೆವು. ಮನುಷ್ಯ ಅಂದಮೇಲೆ ಒಂದು ಕಸುಬು ಇರಬೇಕು. ನಮ್ಮ ಮನೆಯವರು ಬುದ್ಧಿ ಬಂದಾಗಿನಿಂದ ರೇಷ್ಮೆ ಹುಳ ಸಾಕಿದರು, ಗಾಡಿ ಹೊಡೆದರು, ಅಷ್ಟೇ. ಈ ಸಾಹೇಬ ಬಂದಾಗಲೆಲ್ಲ ಬೇರೆ ಕಸುಬಿನವನಾಗಿ ಬರುತ್ತಿದ್ದ. ಹದಿನೈದು ಹದಿನಾರು ವರ್ಷ ನಾನು ಅವನಿಗೆ ಅನ್ನ ಹಾಕಿದ್ದೇನೆ. ಅವನು ಏನು ಮಾಡುತ್ತಾನೆ ಅಂತ ಯಾರಾದರೂ ಕೇಳಿದರೆ ಇವತ್ತಿಗೂ ನನ್ನ ಬಳಿ ಉತ್ತರವಿಲ್ಲ.

ಮೊದಲು ಬಂದದ್ದು ಆನೆಯ ಸಿನಿಮಾ ತೆಗೆಯಲು. ಕೊಳ್ಳೇಗಾಲ ಮೈಸೂರು ರಾಜ್ಯಕ್ಕೆ ಸೇರಿ ಒಂದೆರಡು ವರ್ಷವಾಗಿತ್ತು. ಅಲ್ಲಿಯವರೆಗೆ ನಾನು ಹತ್ತು ಮೈಲಿ ಆಚೆಯಿಂದ ಬೇರೆ ರಾಜ್ಯಕ್ಕೆ ಸೊಸೆಯಾಗಿ ಬಂದವಳು. ಆಮೇಲೆ ಎಲ್ಲ ಒಂದೇ ಆಯಿತು. ಸಾಹೇಬನ ಜೊತೆ ಪಾಂಡಿಚೇರಿಯ ಒಬ್ಬ ದುಭಾಷಿ ಇದ್ದ. ಬಡಕಲು ಆಳು, ಕಂಕುಳಲ್ಲಿ ಸದಾ ಕೊಡೆ. ಅವನಿಗೆ ಫ್ರಾನ್ಸಿನ ಮಾತು ಬರುತ್ತಿತ್ತು, ತಮಿಳು ಬರುತ್ತಿತ್ತು, ಕನ್ನಡ ಮಾತ್ರ ಒಂದಕ್ಷರ ಇಲ್ಲ. ಪೆಟ್ಟಿಗೆಗಳನ್ನು ಲೊಕ್ಕನಹಳ್ಳಿ ಕಾಡಂಚಿಗೆ ಸಾಗಿಸಲು ನಮ್ಮ ಮನೆಯವರ ಗಾಡಿ ಗೊತ್ತಾಯಿತು. ಗಾಡಿಯವನ ಹೆಂಡತಿಗೆ ತಮಿಳು ಬರುತ್ತದೆ ಅಂತ ತಿಳಿದದ್ದೇ ತಡ, ಇಬ್ಬರೂ ನಮ್ಮ ಜಗಲಿಯಲ್ಲಿ ಬೀಡುಬಿಟ್ಟರು. ಸಾಹೇಬ ತನ್ನ ಭಾಷೆಯಲ್ಲಿ ಹೇಳುವುದು, ದುಭಾಷಿ ತಮಿಳಿಗೆ ತಿರುಗಿಸುವುದು, ನಾನು ಒಲೆ ಊದುತ್ತ ಕನ್ನಡಕ್ಕೆ ತಿರುಗಿಸುವುದು.

ದುಭಾಷಿ ಅವನ ಪೂರ್ವೋತ್ತರ ಹೇಳಿದ. ಮೊದಲು ಹಡಗಿನಲ್ಲಿ ಅಡುಗೆಯವನು. ಆಮೇಲೆ ಸರ್ಕಸ್ಸಿನವರ ಗೋಡೆ ಚಿತ್ರ ಬರೆಯುವವನು. ಆಮೇಲೆ ಇಸ್ಕೂಲು ಮಕ್ಕಳಿಗೆ ತೋರಿಸಲು ಹಸು ಹಾಲು ಕರೆಯುವ ಸಿನಿಮಾ ತೆಗೆದ.

"ಹಾಲ್ ಕರ್ಯಾದ್ ನೋಡಾಕೂ ಸಿನಿಮಾ ಬೇಕಾ?" ಅಂದೆ. "ನಮ್ ಕೊಟ್ಗೆಗೆ ಬಂದು ನಿಂತ್ಕಳಾಕ್ ಏಳು. ಸಗಣಿನೂ ಬಾಚ್ದಂಗಾಯ್ತದ."

ಆಮೇಲೆ ತಮಿಳಿನಲ್ಲೂ ಅಂದೆ, ದುಭಾಷಿ ಅದನ್ನೂ ತಿರುಗಿಸಿಬಿಟ್ಟ. ಸಾಹೇಬ ಎದ್ದು ನಿಜವಾಗಿಯೂ ಕೊಟ್ಟಿಗೆಗೆ ಹೋದ. ಅಂಥವನು.

ಲೊಕ್ಕನಹಳ್ಳಿಯಲ್ಲಿ ಏನಾಯಿತೆಂದು ನಮ್ಮ ಮನೆಯವರು ವಾಪಸು ಬಂದು ಹೇಳಿದರು. ಅಲ್ಲಿಯ ರೈತರು ರಾಗಿ ಹೊಲದಲ್ಲಿ ಅಟ್ಟಣೆ ಕಟ್ಟಿಕೊಂಡು, ಡಬ್ಬ ಬಡಿದು ಆನೆ ಓಡಿಸುವವರು. ಈ ಮಹಾರಾಯ ಅದೇ ಅಟ್ಟಣೆ ಹತ್ತಿ, ಡಬ್ಬ ಬಡಿಯಬೇಡಿ, ಆನೆ ಬರಲಿ ಅಂತ ಕೈಮುಗಿದನಂತೆ. ಒಬ್ಬ ರೈತ ಅಂದನಂತೆ, "ಅಲ್ಲ ಕಣ್ರಿ, ನಾವು ಓಡ್ಸಾಕ್ ಕೂತಿರಾದು, ಇವ್ನು ನೆಂಟ್ರನ್ ಕರ್ದಂಗೆ ಕರ್ಯಾಕ್ ಬಂದವ್ನಲ್ಲ!" ಹನ್ನೊಂದು ದಿನ ಕೂತ. ಒಂದು ಆನೆಯ ಬಾಲವೂ ಕಾಣಿಸಲಿಲ್ಲ. ಪೆಟ್ಟಿಗೆ ಕಟ್ಟಿ ಹನೂರು ದಾಟಿದ ಮಾರನೇ ದಿನ ಅದೇ ಹೊಲಕ್ಕೆ ಏಳು ಆನೆ ಇಳಿದವಂತೆ.

ಆನೆ ಸಿಗದ ಹೊಟ್ಟೆಯುರಿಗೆ ಅವನು ನಮ್ಮ ಎತ್ತುಗಳ ಮೇಲೆ ಬಿದ್ದ. ಮನೆ ಮುಂದಿನ ಕಾಲುವೆಯಲ್ಲಿ ಗಾಡಿ ಇಳಿದು ಹತ್ತುವುದನ್ನು ತೆಗೆಯಬೇಕು. ಒಂದು ಸಲ ಇಳಿಸಿದರು. ಮತ್ತೆ ಅಂದ. ಮತ್ತೆ ಇಳಿಸಿದರು. ಮತ್ತೂ ಅಂದ. ದುಭಾಷಿ ತಮಿಳಿನಲ್ಲಿ ಕೂಗುತ್ತಾನೆ, ನಮ್ಮ ಮನೆಯವರಿಗೆ ನಿಲ್ಲು ಅನ್ನುತ್ತಾನೋ ನಡೆ ಅನ್ನುತ್ತಾನೋ ತಿಳಿಯದು, ಎತ್ತು ನೊರೆ ಕಾರುತ್ತಿವೆ. ನೋಡಿ ನೋಡಿ ಸಾಕಾಗಿ ನಾನೇ ಅಂದೆ: "ನೆಟ್ಗೆ ಕನ್ನಡದಲ್ಲಿ ಇನ್ನೊಂದ್ಸಲ ಅನ್ನಾಕ್ ಏಳಪ್ಪ. ಇ-ನ್ನೊಂ-ದ್ಸ-ಲ."

ನನ್ನ ನಾಲಿಗೆಗೆ ಬರೆ ಹಾಕಬೇಕಿತ್ತು. ಆ ಮಾತನ್ನು ಅವನಿಗೆ ಕಲಿಸಿದವಳು ನಾನೇ.

ಅವತ್ತಿನಿಂದ ಅವನ ಬಾಯಲ್ಲಿ ಅದೊಂದೇ ಕನ್ನಡ. ಮಜ್ಜಿಗೆ ಬೇಕಾದರೆ ಇನ್ನೊಂದ್ಸಲ. ಮುದ್ದೆ ಬೇಕಾದರೆ ಇನ್ನೊಂದ್ಸಲ. ಪಕ್ಕದ ಮನೆಯ ಮುದುಕ ಬಿದ್ದು ಸೊಂಟ ಉಳುಕಿಸಿಕೊಂಡಾಗಲೂ, ಎಬ್ಬಿಸಲು ಓಡುವ ಬದಲು ಸಿನಿಮಾ ತೆಗೆಯುವ ಪೆಟ್ಟಿಗೆ ಹಿಡಿದು ಇನ್ನೊಂದ್ಸಲ!

ಮೂರು ನಾಲ್ಕು ವರ್ಷ ಬಿಟ್ಟು ಎರಡನೇ ಸಲ ಬಂದಾಗ ಅವನು ಹುಳದ ಸಿನಿಮಾದವನಾಗಿದ್ದ. ಆನೆ ತೆಗೆಯಲಾಗದವನಿಗೆ ಹುಳ ಸಾಕು ಅಂತ ಯಾರೋ ಕೆಲಸ ಕೊಟ್ಟರೋ ಏನೋ. ನಮ್ಮ ಹುಳ ಹಣ್ಣಾಗುವ ವಾರಕ್ಕೇ ಸರಿಯಾಗಿ ಬಂದಿಳಿದ. ಗೂಡು ಕಟ್ಟಲು ಸಿದ್ಧವಾದ ಹುಳವನ್ನು ನಾವು ಹಣ್ಣಾಯಿತು ಅನ್ನುತ್ತೇವೆ. ಮೈ ಹಳದಿಯಾಗಿ ಪಾರದರ್ಶಕವಾಗುತ್ತದೆ. ಆಗ ಒಂದೊಂದನ್ನೇ ಆರಿಸಿ, ಗೂಡು ಕಟ್ಟುವ ಬಿದಿರಿನ ತಟ್ಟೆಗೆ, ಅಂದರೆ ಚಂದ್ರಿಕೆಗೆ, ಬಿಡಬೇಕು. ಆ ದಿನ ನಮಗೆ ಊಟ ತಿಂಡಿ ನೆನಪಿರುವುದಿಲ್ಲ, ನೆರೆಹೊರೆಯವರೆಲ್ಲ ಕೈ ಸೇರಿಸುತ್ತಾರೆ. ಹುಳದ ಮನೆಗೆ ಹೊರಗಿನವರನ್ನು ಬಿಡುವ ಪದ್ಧತಿಯೇ ಇಲ್ಲ. ನಮ್ಮ ಮನೆಯವರು ಅವನನ್ನು ಕಾಲು ತೊಳೆಸಿ ಒಳಗೆ ಬಿಟ್ಟರು. ಒಳಗೆ ಹೋದವನು ಮೇಲೆ ನೋಡಿ, ಬೆಳಕು ಸಾಲದು, ಹೆಂಚು ತೆಗೆಯಿರಿ ಅಂದ.

"ಏನೂಂದ್ರೆ," ಅಂದೆ ನಮ್ಮ ಮನೆಯವರಿಗೆ, "ಎಂಚು ತಗ್ದ್ರೆ ಬರಾದು ಬೆಳ್ಕೊಂದೇನಾ? ಹಲ್ಲಿ, ಇರ್ವೆ ಎಲ್ಲಾ ಬತ್ತವ."

"ಎರ್ಡು ಎಂಚು ಕಣ್ಲೇ," ಅಂದರು. ಎರಡು ಅಂದದ್ದು ಇಪ್ಪತ್ತಾಯಿತು. ಬಿಸಿಲಿನ ಕೋಲು ಹುಳದ ಮೇಲೆ ಬಿತ್ತು. ರೇಷ್ಮೆ ಹುಳಕ್ಕೆ ಬಿಸಿಲು ಕಂಡರೆ ಆಗುವುದಿಲ್ಲ. ಎಲ್ಲವೂ ಆ ಕಡೆ ಬೆನ್ನು ತಿರುಗಿಸಿದವು. ಸಾಹೇಬ ಅವುಗಳ ಮುಖ ತನ್ನ ಕಡೆಗೆ ಬೇಕೆಂದ. ಒಂದು ಹುಳ ಎಳೆ ಬಿಡಲು ಶುರುಮಾಡಿತು. ಅಷ್ಟರಲ್ಲಿ ಇವನ ಪೆಟ್ಟಿಗೆ ಏನೋ ಕಚ್ಚಿಕೊಂಡಿತು. ಅವನು ಹುಳದ ಕಡೆ ಬಗ್ಗಿ ಮೆಲ್ಲಗೆ "ಇನ್ನೊಂದ್ಸಲ" ಅಂದ. ಹುಳಕ್ಕೆ ಹೇಳಿದ! ನನ್ನ ಮಗಳು, ಆಗ ಹದಿಮೂರು ಹದಿನಾಲ್ಕರ ಹುಡುಗಿ, ಸೊಪ್ಪಿನ ಬುಟ್ಟಿ ಹಿಡಿದು ನಗುತ್ತ ಕೆಳಗೇ ಕೂತುಬಿಟ್ಟಳು. ಹಲ್ಲಿ ತಿಂದದ್ದು ತಿಂದಿತು. ಆ ವಾರ ನಾನು ಸಾಹೇಬನಿಗೆ ಅನ್ನ ಹಾಕಿದೆ, ತುಪ್ಪ ಹಾಕಲಿಲ್ಲ.

ಮೂರನೇ ಸಲ ಬಂದಾಗ ಅವನು ಕತೆ ಸಿನಿಮಾದವನಾಗಿದ್ದ. ಅವನ ದೇಶದಲ್ಲಿ ಒಂದು ಕತೆ ತೆಗೆದಿದ್ದನಂತೆ. ಜನ ನಡುವೆಯೇ ಎದ್ದು ಹೋದರಂತೆ. ಅಷ್ಟಕ್ಕೆ ಬುದ್ಧಿ ಬರಬೇಕಲ್ಲ, ಬರಲಿಲ್ಲ. ಈಗ ಇನ್ನೊಂದು ಕತೆ, ಅದಕ್ಕೊಂದು ಹಳ್ಳಿಯ ಮದುವೆ ಬೇಕು. ನಮ್ಮ ಮನೆ ಮುಂದೆ ಚಪ್ಪರ ಹಾಕಿದ್ದೆವು. ಸತ್ತೇಗಾಲದ ಗಂಡು, ಹೊಳೆ ಹತ್ತಿರದ ಗದ್ದೆ, ಕಬ್ಬು, ತೆಂಗು ಇರುವ ಮನೆ. ಅಳಿಯಂದಿರು ಮಾತು ಕಮ್ಮಿ, ಕೆಲಸ ಜಾಸ್ತಿ. ನನ್ನ ಮಗಳು ಅವರನ್ನು ಒಂದೇ ಸಲ ಕದ್ದು ನೋಡಿ ಒಪ್ಪಿಕೊಂಡಿದ್ದಳು. ಬೀಗಿತ್ತಿಯದು ಮಾತ್ರ ಎಲ್ಲಕ್ಕೂ ಶಕುನ. ಕಾಗೆ ಎಡಕ್ಕೆ ಹಾರಿದರೂ ನಿಂತು ಯೋಚಿಸುವವರು.

ಸಾಹೇಬ ಹಿಂದಿನ ದಿನವೇ ಬಂದು ವಾಲಗದವರಿಗೆ ಪಾಠ ಮಾಡಿದ. ಅವನು ಕೈ ಎತ್ತಿದರೆ ನುಡಿಸುವುದನ್ನು ನಿಲ್ಲಿಸಬೇಕು, ಇಳಿಸಿದರೆ ನುಡಿಸಬೇಕು. ನಾಲ್ಕು ಸಲ ಎತ್ತಿ ಇಳಿಸಿ ಅಭ್ಯಾಸ ಮಾಡಿಸಿದ. ವಾಲಗದವರಿಗೆ ಮೋಜು. ನಮಗೂ ಮೋಜು. ಅದರ ಹಿಂದಿನ ಕೇಡು ಯಾರಿಗೂ ಹೊಳೆಯಲಿಲ್ಲ.

ತಾಳಿ ಕಟ್ಟುವಾಗ ಗಟ್ಟಿಮೇಳ ಬಾರಿಸುವುದು ಯಾಕೆ? ಆ ಹೊತ್ತಿನಲ್ಲಿ ಯಾರಾದರೂ ಸೀನಿದರೆ, ಅತ್ತರೆ, ಕೆಟ್ಟ ಮಾತಾಡಿದರೆ ಕಿವಿಗೆ ಬೀಳದಿರಲಿ ಅಂತ. ಅಸ್ತು ದೇವತೆಗಳು ಚಪ್ಪರದ ಮೇಲೆ ಓಡಾಡುತ್ತಿರುತ್ತಾರೆ. ಕೇಳಿಸಿದ ಮಾತಿಗೆಲ್ಲ ಹಾಗೇ ಆಗಲಿ ಅಂದುಬಿಡುತ್ತಾರೆ. ಪುರೋಹಿತರು ಗಟ್ಟಿಮೇಳ ಅಂದರು. ಡೋಲು, ನಾಗಸ್ವರ ಕಿವಿ ಕಿತ್ತುಹೋಗುವಂತೆ ಎದ್ದವು. ಅಳಿಯಂದಿರು ಒಂದು ಗಂಟು ಹಾಕಿದರು, ಎರಡು ಗಂಟು ಹಾಕಿದರು. ಸಾಹೇಬನ ಪೆಟ್ಟಿಗೆಯಲ್ಲಿ ರೀಲು ಮುಗಿಯಿತು. ಅವನು ತನಗರಿವಿಲ್ಲದೆ ಕೈ ಎತ್ತಿದ. ವಾಲಗದವರು ಹೇಳಿಕೊಟ್ಟ ಹಾಗೆ ಟಕ್ ಅಂತ ನಿಲ್ಲಿಸಿದರು. ಆ ನಿಶ್ಶಬ್ದದಲ್ಲಿ, ಮೂರನೇ ಗಂಟು ಬೀಳುವಾಗ, ಸಾಹೇಬ ಗಂಟಲು ಬಿಚ್ಚಿ ಕೂಗಿದ:

"ಇನ್ನೊಂದ್ಸಲ!"

ಅಕ್ಷತೆ ಎಷ್ಟೋ ಜನರ ಕೈಯಲ್ಲೇ ಉಳಿಯಿತು. ಬೀಗಿತ್ತಿ ಮೆಲ್ಲಗೆ ತಲೆ ಎತ್ತಿ ಚಪ್ಪರದ ತೆಂಗಿನ ಗರಿಯ ಕಡೆ ನೋಡಿದರು, ಅಲ್ಲಿ ಯಾರೋ ಕೂತು ಹಾಗೇ ಆಗಲಿ ಅಂದದ್ದು ಕಂಡವರ ಹಾಗೆ.

"ತಾಳಿ ಇನ್ನೊಂದ್ಸಲ ಅಂದ್ನಲ್ಲಾ," ಅಂದರು. "ನನ್ ಮಗ್ನಿಗೆ ಇನ್ನೊಂದ್ ಮದ್ವೆ ಅಂದ್ನಲ್ಲಾ ಪಾಪಿ!"

ನಮ್ಮ ಮನೆಯವರು ಸಾಹೇಬನನ್ನೂ ಪೆಟ್ಟಿಗೆಯನ್ನೂ ಒಟ್ಟಿಗೆ ಎತ್ತಿ ಗಾಡಿಗೆ ಹಾಕಿದರು. ಅವತ್ತು ನಾನು ಅವನಿಗೆ ಊಟವನ್ನೇ ಹಾಕಲಿಲ್ಲ.

ಮೊದಲ ವರ್ಷ ಯಾರೂ ಏನೂ ಅನ್ನಲಿಲ್ಲ. ಎರಡನೇ ವರ್ಷ ಮಗಳ ಮಡಿಲು ತುಂಬದಿದ್ದಾಗ ಸತ್ತೇಗಾಲದಲ್ಲಿ ಆ ಮಾತು ಎದ್ದಿತು, ಮತ್ತೆ ಮಲಗಲಿಲ್ಲ. ಬೀಗಿತ್ತಿ ನನ್ನ ಮಗಳನ್ನು ಬೈದವರಲ್ಲ, ಹೊಡೆದವರಲ್ಲ. ಹಾಗಿದ್ದರೆ ನಾನೂ ಸೆರಗು ಕಟ್ಟಿ ಜಗಳಕ್ಕೆ ಹೋಗುತ್ತಿದ್ದೆ. ಅವರು ಹೆದರಿಕೊಂಡಿದ್ದರು. ಹೆದರಿದವರ ಹತ್ತಿರ ಜಗಳ ಆಡುವುದು ಹೇಗೆ? ಹೋದಾಗಲೆಲ್ಲ ನನ್ನ ಕೈ ಹಿಡಿದು, "ನಾ ಕೆಟ್ಟೋಳಲ್ಲ ಕಣ್ರಿ ಬೀಗಿತ್ತಿ. ಆ ಮಾತು ತಾಳಿ ಒತ್ನಲ್ಲಿ ಬಿದ್ಬುಡ್ತು. ನಾವೇನ್ ಮಾಡವು?" ಅನ್ನುತ್ತಿದ್ದರು. ಮಗಳು ಬೆಲ್ಲದ ನೀರು ತಂದಿಟ್ಟು, ಯಾವ ಮಾತೂ ಕೇಳಿಸದವಳಂತೆ ಒಳಗೆ ಹೋಗುತ್ತಿದ್ದಳು. ತವರಿಗೆ ಬಂದರೆ ಮಲಗುತ್ತಲೂ ಇರಲಿಲ್ಲ, ಹುಳದ ಮನೆಯಲ್ಲಿ ಕೂತು ಸೊಪ್ಪು ಹೆಚ್ಚುತ್ತಿದ್ದಳು.

ನಮ್ಮ ಮನೆಯಲ್ಲಿ ಆ ಮಾತನ್ನೇ ಬಿಟ್ಟೆವು. ಮುದ್ದೆ ಬೇಕಾದರೆ ಮತ್ತೊಂದು, ಸಾರು ಬೇಕಾದರೆ ಇನ್ನಷ್ಟು. ಆಡಿದರೆ ನನ್ನ ಕೈಯ ಸೌಟು ತೋರಿಸುತ್ತಿದ್ದೆ.

ಒಮ್ಮೆ ಮಾತ್ರ ನಾನೇ ತಪ್ಪಿದೆ. ತವರಿಗೆ ಹೋದಾಗ ಕೊಳ್ಳೇಗಾಲದ ಟೆಂಟಿನಲ್ಲಿ ಒಂದು ತಮಿಳು ಸಿನಿಮಾ ನೋಡಲು ಹೋದೆವು. ಕುದುರೆ ಮೇಲೆ ಒಬ್ಬ ಬಿಳಿ ದೊರೆ ಬಂದ. ನೋಡುತ್ತೇನೆ, ನಮ್ಮ ಸಾಹೇಬ! ಮೀಸೆ ಅಂಟಿಸಿಕೊಂಡು, ಕೈಯಲ್ಲಿ ಚಾವಟಿ ಹಿಡಿದು, ರೈತರನ್ನು ಬೈಯುತ್ತಿದ್ದಾನೆ. ಈಗ ಬಣ್ಣ ಹಚ್ಚುವ ಕಸುಬು ಹಿಡಿದಿದ್ದಾನೆ ಅಂತಾಯಿತು. ಐದು ನಿಮಿಷ ಆಗಿರಲಿಲ್ಲ, ಹೀರೋ ಗುಂಡು ಹೊಡೆದ, ಸಾಹೇಬ ಕುದುರೆಯಿಂದ ಉರುಳಿ ಹೊಳೆಗೆ ಬಿದ್ದ. ನನಗೆ ಏನಾಯಿತೋ, ಬೆಂಚಿನ ಮೇಲೆ ಎದ್ದು ನಿಂತು ಕೂಗಿದೆ: "ಇನ್ನೊಂದ್ಸಲ! ಇನ್ನೊಂದ್ಸಲ ಒಡೀರ್ಲಾ ಅವುನ್ಗೆ!" ಟೆಂಟಿಗೆ ಟೆಂಟೇ ಶಿಳ್ಳೆ ಹಾಕಿತು. ಅಷ್ಟು ವರ್ಷದಲ್ಲಿ ನನಗೆ ಹೊಟ್ಟೆ ತಣ್ಣಗಾದದ್ದು ಅದೊಂದು ದಿನ.

ಎಂಟನೇ ವರ್ಷಕ್ಕೆ ಬೀಗಿತ್ತಿ ಹನೂರಿನ ಕಡೆ ಒಂದು ಹೆಣ್ಣು ನೋಡಿಸಿದರು ಅಂತ ಸುದ್ದಿ ಬಂತು. ಅಳಿಯಂದಿರು ಬೇಡ ಅಂದರಂತೆ. ಆದರೆ ಅವರ ಬೇಡ ಎಂಬುದೂ ಬೇಕು ಎಂಬುದೂ ಒಂದೇ ದನಿ, ಯಾರಿಗೂ ಕೇಳಿಸುವುದಿಲ್ಲ. ಮಗಳು ಬಟ್ಟೆ ಪೆಟ್ಟಿಗೆ ಸಮೇತ ಅಗರಕ್ಕೆ ಬಂದಳು.

"ಅವ್ವಾ, ಅವ್ರು ಮಾಡ್ಕಳದೇ ಆದ್ರೆ ಮಾಡ್ಕಳಿ. ನಾ ಉಳ ಸಾಕ್ಕಂಡ್ ಇಲ್ಲೇ ಇರ್ತಿನಿ," ಅಂದಳು. ಅಳಲಿಲ್ಲ. ಅತ್ತಿದ್ದರೆ ನನಗೆ ಸುಲಭವಾಗುತ್ತಿತ್ತು.

ಸರಿಯಾಗಿ ಅದೇ ವಾರ ಮನೆ ಮುಂದೆ ಒಂದು ವ್ಯಾನು ನಿಂತಿತು. ಇಳಿದವನು ಯಾರು? ತಲೆ ಎಲ್ಲ ಬೆಳ್ಳಗಾಗಿ, ಹೊಟ್ಟೆ ಮುಂದೆ ಬಂದು, ಅದೇ ಹಲ್ಲು ಕಿರಿಯುತ್ತ ಸಾಹೇಬ. ಹಿಂದೆ ಅದೇ ಕೊಡೆಯ ದುಭಾಷಿ. ಈ ಸಲದ ಕಸುಬು ಏನು ಗೊತ್ತೇ? ಮಕ್ಕಳನ್ನು ಕಡಿಮೆ ಮಾಡಿಕೊಳ್ಳಿ ಅಂತ ಹಳ್ಳಿಯವರಿಗೆ ಬುದ್ಧಿ ಹೇಳುವ ಸಿನಿಮಾ! ಒಂದು ಸಂಸಾರ ತೋರಿಸಬೇಕು, ನಮ್ಮ ಜಗಲಿ ಬೇಕು ಅಂತ ಕೇಳಲು ಬಂದಿದ್ದ.

ನಾನು ಪೊರಕೆ ತೆಗೆದುಕೊಂಡೆ. ನಮ್ಮ ಮನೆಯವರು ಕೈ ಹಿಡಿದುಕೊಂಡರು. ಕೈ ಹಿಡಿದರೇನು, ಬಾಯಿ ಇತ್ತಲ್ಲ. ಎಂಟು ವರ್ಷದ್ದನ್ನು ತಮಿಳಿನಲ್ಲಿ ಸುರಿದೆ. ಗಟ್ಟಿಮೇಳ ನಿಂತದ್ದು, ಅಸ್ತು ದೇವತೆಗಳು, ಬೀಗಿತ್ತಿ, ಹನೂರಿನ ಹೆಣ್ಣು, ಒಳಗೆ ಸೊಪ್ಪು ಹೆಚ್ಚುತ್ತ ಕೂತಿರುವ ನನ್ನ ಮಗಳು. ದುಭಾಷಿ ತಿರುಗಿಸುತ್ತ ಹೋದ. ನಡುವೆ ಎರಡು ಸಲ ಅವನೇ ಕಣ್ಣು ಒರೆಸಿಕೊಂಡ. ಸಾಹೇಬ ಜಗಲಿಯ ಮೇಲೆ ಕೂತ. ಆಮೇಲೆ ದುಭಾಷಿಗೆ ಏನೋ ಹೇಳಿದ.

ದುಭಾಷಿ ಅಂದ: "ಅಮ್ಮಾ, ಅವರ ಕಸುಬಿನಲ್ಲಿ ಆ ಮಾತಿಗೆ ಅರ್ಥ ಬೇರೆ ಅಂತಾರೆ. ಇನ್ನೊಂದು ಸಲ ಅಂದರೆ ಇನ್ನೊಬ್ಬರು ಅಂತ ಅಲ್ಲವಂತೆ. ಅದೇ ಗಂಡು, ಅದೇ ಹೆಣ್ಣು, ಅದೇ ಜಾಗ, ಅದೇ ಸೀರೆ. ಆಳು ಬದಲಾದರೆ ಅದು ಇನ್ನೊಂದು ಸಲ ಆಗುವುದಿಲ್ಲ, ಬೇರೆ ಸಿನಿಮಾ ಆಗುತ್ತದೆ ಅಂತಾರೆ."

ಪೊರಕೆಯನ್ನು ಮೂಲೆಗಿಟ್ಟೆ. ಎತ್ತು ನೆನಪಾದವು. ಆರು ಸಲ ಕಾಲುವೆ ಇಳಿಸಿದಾಗಲೂ ಅವನು ಎತ್ತು ಬದಲಿಸಿ ಅಂತ ಒಮ್ಮೆಯೂ ಅಂದಿರಲಿಲ್ಲ. ನಾನೇ ಕಲಿಸಿದ ಮಾತು, ನನಗೇ ಗೊತ್ತಿತ್ತು. ಎಂಟು ವರ್ಷ ನನ್ನ ತಲೆಯಲ್ಲಿ ಏನು ತುಂಬಿತ್ತು?

"ಈ ಮಾತ್ನ ಅವತ್ತೇ ಯಾಕ್ ಏಳ್ನಿಲ್ಲ ಇವ್ನು?" ಅಂದೆ.

"ಯಾರೂ ಕೇಳಲಿಲ್ಲವಂತೆ. ಗಾಡಿಗೆ ಎತ್ತಿ ಹಾಕಿದರಂತೆ."

ಮಾರನೇ ದಿನವೇ ಸಾಹೇಬ, ದುಭಾಷಿ, ನಾನು, ನಮ್ಮ ಮನೆಯವರು ಕೊಳ್ಳೇಗಾಲಕ್ಕೆ ಹೋಗಿ ಸತ್ತೇಗಾಲದ ಬಸ್ಸು ಹತ್ತಿದೆವು. ಅವನಿಗೆ ವ್ಯಾನು ಇತ್ತು, ಆದರೆ ವ್ಯಾನಿನ ಮೇಲೆ ಮಕ್ಕಳು ಬೇಡ ಎಂಬ ಚಿತ್ರ ಬರೆದಿತ್ತು. ಅದರಲ್ಲಿ ಬೀಗರ ಮನೆಗೆ ಹೋಗುತ್ತೇವೆಯೇ? ಬೀಗಿತ್ತಿ ಅವನನ್ನು ನೋಡಿ ಬಾಗಿಲಲ್ಲೇ ನಿಂತರು.

"ಆಡಿದ್ ಬಾಯೇ ಬಂದದ. ಬಾಯೇ ಏಳ್ಳಿ," ಅಂದರು.

ಸಾಹೇಬ ಹೇಳಿದ. ದುಭಾಷಿ ತಿರುಗಿಸಿದ. ನಾನು ತಿರುಗಿಸಿದೆ. ಬೀಗಿತ್ತಿ ಹಣೆ ಸುಕ್ಕು ಮಾಡಿಕೊಂಡು ಕೇಳಿದರು. ಸುಮ್ಮನೆ ಒಪ್ಪುವವರಲ್ಲ.

"ಒಂದಾಳು ಸತ್ತೋದ್ರೆ? ಆವಾಗ್ಲೂ ಅದೇ ಆಳೇನಾ?"

ಸಾಹೇಬ ತಲೆ ಕೆರೆದುಕೊಂಡು, ಹಾಗಾದರೆ ಆ ಸಿನಿಮಾವನ್ನೇ ಬಿಟ್ಟುಬಿಡುತ್ತೇನೆ, ಹಾಗೆ ಎಷ್ಟೋ ಬಿಟ್ಟಿದ್ದೇನೆ ಅಂದ.

"ಅದೊಂದ್ ನಿಜಾನೇ ಏಳ್ದ," ಅಂದರು ನಮ್ಮ ಮನೆಯವರು. ಬೀಗಿತ್ತಿಗೆ ನಗು ಬಂತು, ತಡೆದುಕೊಂಡರು.

ಆಮೇಲೆ ಸಾಹೇಬ ಇನ್ನೊಂದು ಸಂಗತಿ ಹೇಳಿದ. ಆ ಮದುವೆಯ ರೀಲನ್ನು ಅವನು ತನ್ನ ದೇಶದಲ್ಲಿ ನೂರಾರು ಸಲ ನೋಡಿದ್ದಾನಂತೆ. ಎರಡು ಗಂಟು ಇದೆ, ಮೂರನೆಯದಿಲ್ಲ. ಅಲ್ಲಿಗೆ ಬೆಳ್ಳಗಾಗಿಬಿಡುತ್ತದೆ. ಅದನ್ನು ಕೇಳಿ ಬೀಗಿತ್ತಿ ತಟ್ಟನೆ ಕೂತರು.

"ಅಂಗಾರೆ ಆ ಪೆಟ್ಗೆ ಒಳ್ಗೆ ಇವ್ರ ಮದ್ವೆ ಇನ್ನೂ ಮುಗ್ದಿಲ್ಲ ಅನ್ನಿ," ಅಂದರು. ಮಗನ ಕಡೆ ತಿರುಗಿದರು. "ಏಳ್ಲಾ, ಒಳ್ಗಿಂದ ಧೋತ್ರ ತಗ. ಅದೇ ಧೋತ್ರ."

ಅಳಿಯಂದಿರು ಆಗಲೇ ಕೈಯಲ್ಲಿ ಹಿಡಿದು ನಿಂತಿದ್ದರು. ಯಾವಾಗ ತಂದರೋ.

ಅವರಿಬ್ಬರಿಗೇ ಮತ್ತೆ ತಾಳಿ ಕಟ್ಟಿಸಲು ಯಳಂದೂರಿನಿಂದ ಅದೇ ಪುರೋಹಿತರನ್ನು ಕರೆಸಿದೆವು. ಆಡಿದ ಮಾತಿಗೆ ಅದರ ಪಾಲು ಕೊಟ್ಟುಬಿಟ್ಟರೆ ಅದು ಮತ್ತೆ ಬಾಗಿಲಿಗೆ ಬರುವುದಿಲ್ಲ ಅಂದರು. ಅಗರದಲ್ಲಿ ಅದೇ ಜಾಗದಲ್ಲಿ ಚಪ್ಪರ. ಅದೇ ಸೀರೆ. ಅರಿಶಿನದ ದಾರಕ್ಕೆ ಅರಿಶಿನದ ಕೊಂಬು. ಪೆಟ್ಟಿಗೆ ಇರಬಾರದು ಅಂತ ನಾನು ಹಟ ಹಿಡಿದೆ. ಬೀಗಿತ್ತಿಯೇ ಒಪ್ಪಲಿಲ್ಲ: "ಪೆಟ್ಗೆಗೋಸ್ಕರ ಕೇಳಿದ್ ಮಾತು ಕಣ್ರಿ, ಪೆಟ್ಗೆನೇ ನುಂಗ್ಲಿ."

ಅಲ್ಲಿಂದ ಸಾಹೇಬನ ಕಾಟ ಶುರು. ಅವನಿಗೆ ಎಲ್ಲವೂ ಬಾಯಿಪಾಠ. ಈ ಮುದುಕಿ ಎಡಕ್ಕೆ ನಿಂತಿದ್ದಳು, ಆ ಕಳಸ ಒಂದು ಗೇಣು ಮುಂದಿತ್ತು, ಮದುಮಗಳ ತಲೆಯಲ್ಲಿ ಕನಕಾಂಬರ ಇತ್ತು, ಮಲ್ಲಿಗೆ ಅಲ್ಲ. ಪುರೋಹಿತರಿಗೆ ಮುಂದಿನ ಎರಡು ಹಲ್ಲು ಇದ್ದವು, ಈಗ ಎಲ್ಲಿ ಅಂತಲೂ ಕೇಳಿದ. "ಅಲ್ಲು ಎಲ್ಲಿಂದ ತರಾದಪ್ಪ?" ಅಂತ ನಮ್ಮ ಮನೆಯವರು ತಲೆ ಚಚ್ಚಿಕೊಂಡರು. ನನ್ನ ಮಗಳು ಮಾತ್ರ ಅವನು ಹೇಳಿದ ಕಡೆ ಹೇಳಿದ ಹಾಗೆ ನಿಂತಳು. ಎಂಟು ವರ್ಷದಲ್ಲಿ ಮೊದಲ ಸಲ ಅವಳು ತುಟಿ ಕಚ್ಚಿ ನಗು ತಡೆಯುತ್ತಿದ್ದದ್ದು ಕಂಡಿತು, ಆವತ್ತು ಸೊಪ್ಪಿನ ಬುಟ್ಟಿ ಹಿಡಿದು ನಕ್ಕ ಹಾಗೆ.

ವಾಲಗದವರಿಗೆ ನಾನೇ ಹೇಳಿದೆ: "ಅವ್ನು ಕೈ ಎತ್ಲಿ, ಕಾಲ್ ಎತ್ಲಿ, ಚಪ್ರಕ್ಕೆ ಬೆಂಕಿ ಬೀಳ್ಲಿ, ನಾ ಬಂದು ಡೋಲು ಇಡ್ಕಳಗಂಟ ನಿಲ್ಲುಸ್ಕೂಡ್ದು."

ಆದರೂ ಧೈರ್ಯ ಸಾಲಲಿಲ್ಲ. ಆ ಬಾಯಿಯನ್ನು ನಂಬುವುದು ಹೇಗೆ? ಪುರೋಹಿತರು ಗಟ್ಟಿಮೇಳ ಅನ್ನುವ ಮುಂಚೆ ಸಾಹೇಬನ ಹತ್ತಿರ ಹೋದೆ. ಬೆಳಿಗ್ಗೆ ಕರಿದ ಕಜ್ಜಾಯ, ಅಂಗೈ ಅಗಲದ್ದು, ಅವನ ಬಾಯಿಗೆ ತುರುಕಿದೆ. ಅದು ಕರಗುವ ಮುಂಚೆ ಎರಡನೆಯದು. ಕಣ್ಣು ದಪ್ಪ ಮಾಡಿಕೊಂಡು, ಕೆನ್ನೆ ಉಬ್ಬಿಸಿಕೊಂಡು, ಪೆಟ್ಟಿಗೆಗೆ ಕಣ್ಣಿಟ್ಟ. ಒಂದು ಗಂಟು. ಎರಡು ಗಂಟು. ಮೂರು ಗಂಟು. ಕಿವಿ ಕಿವುಡಾಗುವ ಹಾಗೆ ಡೋಲು. ಬೀಗಿತ್ತಿ ಚಪ್ಪರದ ಕಡೆ ನೋಡಲಿಲ್ಲ. ಸೊಸೆಯ ಕೊರಳನ್ನೇ ನೋಡಿದರು. ವಾಲಗದವರಿಗೆ ನಿಲ್ಲಿಸಿ ಅಂತ ಹೇಳುವುದು ನನಗೆ ಮರೆತೇಹೋಯಿತು. ಊಟ ಮುಗಿಯುವವರೆಗೂ ಬಾರಿಸುತ್ತಲೇ ಇದ್ದರು, ಪಾಪ.

ಮೂರನೇ ಗಂಟು ಈ ಸಲ ಸಿಕ್ಕಿತೇ ಅಂತ ಕೇಳಿದೆ. ಸಿಕ್ಕಿತು ಅಂದ. ಇನ್ನು ಆ ಕತೆ ಸಿನಿಮಾಕ್ಕೆ ಸೇರಿಸುತ್ತೀಯಾ ಅಂದೆ. ಅದು ಮುಗಿದು ಏಳು ವರ್ಷವಾಯಿತು, ಯಾರೂ ನೋಡಲಿಲ್ಲ, ಆ ರೀಲು ಎಲ್ಲಿದೆಯೋ ಗೊತ್ತಿಲ್ಲ ಅಂದ. ಹಾಗಾದರೆ ಇದನ್ನು ಯಾಕೆ ಅಷ್ಟು ಕಾಟ ಕೊಟ್ಟು ತೆಗೆದೆ ಮಾರಾಯ? ಅವನು ಮೂರನೇ ಕಜ್ಜಾಯ ಕೇಳಿದ.

ಮಗಳು ಗಂಡನ ಜೊತೆ ಸತ್ತೇಗಾಲಕ್ಕೆ ಹೋದಳು. ಹನೂರಿನ ಕಡೆಯ ಮಾತು ಅಲ್ಲಿಗೇ ನಿಂತಿತು. ಹೋದ ವರ್ಷ ಬೇಸಿಗೆಯಲ್ಲಿ, ಮುಟ್ಟು ನಿಂತಿದೆ ಅಂತ ಬೀಗಿತ್ತಿಯೇ ಬಸ್ಸು ಹತ್ತಿ ಬಂದು ನನ್ನ ಕಿವಿಯಲ್ಲಿ ಹೇಳಿದರು. ಆ ಮಾತಿಗೆ ಪಾಲು ಕೊಟ್ಟದ್ದರಿಂದ ಆಯಿತೋ, ಎಂಟು ವರ್ಷ ಹೆದರಿಕೊಂಡಿದ್ದ ಹುಡುಗಿ ನೆಮ್ಮದಿಯಾಗಿ ಉಂಡು ಮಲಗಿದ್ದರಿಂದ ಆಯಿತೋ, ದೇವರಿಗೆ ಗೊತ್ತು. ನಮ್ಮ ಮನೆಯವರು ಎರಡನೆಯದು ಅನ್ನುತ್ತಾರೆ. ಬೀಗಿತ್ತಿ ಮೊದಲನೆಯದು. ನನಗೆ ಕೂಸು ಬಂತು, ಸಾಕು.

ದುಭಾಷಿ ಒಂದು ಕಾರ್ಡು ಹಾಕಿದ್ದ. ಸಾಹೇಬ ಈಗ ಪಾಂಡಿಚೇರಿಯಲ್ಲಿ ಬ್ರೆಡ್ಡು ಸುಡುತ್ತಾನಂತೆ. ಅದೂ ಎಷ್ಟು ದಿನವೋ! ಕೂಸು ಹುಟ್ಟಿದ ಸುದ್ದಿ ಬರೆಯೋಣ ಅಂತ ನಮ್ಮ ಮನೆಯವರು ಮೊನ್ನೆ ಬೆಳಿಗ್ಗೆಯೇ ಕಾರ್ಡು ತಂದರು. ನಾನು ತೊಟ್ಟಿಲಿನ ಹಾಸಿಗೆ ಕೆಳಗೆ ಬಚ್ಚಿಟ್ಟಿದ್ದೇನೆ. ಬರೆದರೆ ಬಂದುಬಿಡುತ್ತಾನೆ. ಬಂದರೆ ಮಗಳನ್ನು ನೋಡಿ ಏನು ಕೂಗುತ್ತಾನೆ ಅಂತ ನನಗೆ ಗೊತ್ತು. ಬಾಣಂತನ ಮುಗಿಯಲಿ, ನಾನೇ ಬರೆಯುತ್ತೇನೆ.

ಆ ಸೋಮವಾರ ಸಂಜೆಗೆ ಸತ್ತೇಗಾಲದವರು ಬಂದರು. ಬೀಗಿತ್ತಿ ತಮ್ಮ ಕಬ್ಬಿನ ಬೆಲ್ಲ ಹೊತ್ತು ತಂದಿದ್ದರು. ಕೂಸಿನ ಮುಖ ನೋಡಿ, "ನಮ್ ಮನೆ ಬಣ್ಣವೇಯ," ಅಂದರು. ಅಳಿಯಂದಿರು ನೋಡಿ, ಹಿತ್ತಲಿಗೆ ಹೋಗಿ ಸೌದೆ ಒಡೆಯತೊಡಗಿದರು, ಒಂದು ತಿಂಗಳಿಗೆ ಆಗುವಷ್ಟು. ಅವರೆಕಾಳಿನ ಸಾರು, ಮುದ್ದೆ, ಅನ್ನ ಮಾಡಿದೆ. ಆ ಬೆಲ್ಲ ಹಾಕಿ ಪಾಯಸ ಕಾಯಿಸಿದೆ. ಒಳಕೋಣೆಯ ಬಾಗಿಲು ತೆರೆದಿಟ್ಟು, ಅದರ ಮುಂದೆಯೇ ನಡುಮನೆಯಲ್ಲಿ ಎಲೆ ಹಾಕಿದೆವು. ಮಗಳು ಒಳಗೆ ಕೂತು ಮೆಣಸಿನ ಸಾರಿನಲ್ಲಿ ಅನ್ನ ಕಲಸಿಕೊಂಡಳು, ಸೂಲಗಿತ್ತಿ ಅವಳ ಪಕ್ಕ. ಬೀಗಿತ್ತಿ ಹೊಸ್ತಿಲಿಗೆ ಆತುಕೊಂಡು ಕೂತರು, ಸೊಸೆಯೂ ಕಾಣಬೇಕು, ಎಲೆಯೂ ಕಾಣಬೇಕು ಅಂತ.

ನಾನು ಪಾಯಸ ಬಡಿಸುತ್ತ ಬಂದೆ. ಬೀಗಿತ್ತಿ ಸೊರ್ರಂತ ಕುಡಿದು, ದೊನ್ನೆ ಮುಂದೆ ಚಾಚಿದರು.

"ಇನ್ನೊಂದ್ಸಲ ಬುಡಿ," ಅಂದರು.

ನನ್ನ ಸೌಟು ಅಲ್ಲೇ ನಿಂತಿತು. ನಮ್ಮ ಮನೆಯವರ ತುತ್ತು ಅಲ್ಲೇ ನಿಂತಿತು. ಒಳಗಿನಿಂದ ನನ್ನ ಮಗಳು ಕಿಸಕ್ಕೆಂದಳು. ಬೀಗಿತ್ತಿ ನನ್ನನ್ನೂ ಸೌಟನ್ನೂ ನೋಡಿ, "ಅಯ್, ಪಾಯ್ಸ ಕಣ್ರಿ ಕೇಳಿದ್ದು!" ಅಂದರು. ಆಮೇಲೆ ಅವರೇ ಮೊದಲು ನಕ್ಕರು. ಅವರ ದೊನ್ನೆಗೆ, ಇಲ್ಲಿಲ್ಲದ ಸಾಹೇಬನ ಪಾಲೂ ಸೇರಿಸಿ, ಎರಡು ಸೌಟು ಬಿಟ್ಟೆ.

ಅಷ್ಟರಲ್ಲಿ ಕೂಸು ಕಿರುಚಿಕೊಂಡಿತು. ಎಂಜಲು ಕೈಯಲ್ಲೇ ಎಲ್ಲರೂ ಎದ್ದರು, ಅಳಿಯಂದಿರೂ ಸೇರಿ. "ಕೂತ್ಕಂಡ್ ಉಣ್ರಪ್ಪ ಎಲ್ಲಾರೂ!" ಅಂತ ಸೂಲಗಿತ್ತಿ ಒಳಗಿನಿಂದ ಗದರಿದಳು. "ಅಸ್ಗಂಡವ್ಳೆ ಅಷ್ಟೇಯ. ಅವ್ಳಿಗೂ ಊಟದ್ ಒತ್ತು." ನಾವೆಲ್ಲ ಮತ್ತೆ ಎಲೆಯ ಮುಂದೆ ಕೂತೆವು.